ನನ್ನ ಕಂಪ್ಯೂಟರಿನಲ್ಲಿದ್ದ ಎಲ್ಲರ ಪಾಸ್‌ವರ್ಡು

ಶ್ರೀದೇವಿ, ನಿನ್ನ ಪಶುವೈದ್ಯಕೀಯ ಸೀಟು ತಪ್ಪಿಹೋದದ್ದು ನಿನ್ನಿಂದಲ್ಲ. ನನ್ನಿಂದ. ಇಷ್ಟು ವರ್ಷ ಗೊತ್ತಿದ್ದೂ ಬಾಯಿ ಬಿಡಲಿಲ್ಲ.

ಚಂದ್ರಾ ಲೇಔಟಿನಲ್ಲಿ ನನ್ನಷ್ಟು ಚೆನ್ನಾಗಿ ಆನ್‌ಲೈನ್ ಅರ್ಜಿ ತುಂಬುವವರು ಆಗಲೂ ಇರಲಿಲ್ಲ, ಈಗಲೂ ಇಲ್ಲ — ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ. ಪಕ್ಕದ ನಾಗರಬಾವಿಯಿಂದಲೂ ಮಕ್ಕಳು ನನ್ನ ಸೈಬರ್ ಅಂಗಡಿ ಹುಡುಕಿಕೊಂಡು ಬರುತ್ತಿದ್ದರು. ಪಾಸ್‌ವರ್ಡ್ ಮರೆತವರಿಗೆ ನಾನಿದ್ದೆ. ಎಲ್ಲರದ್ದನ್ನೂ ಹೆಸರಿನ ಸಮೇತ ಒಂದೇ ಫೈಲಿನಲ್ಲಿ ಟೈಪ್ ಮಾಡಿ, ನನ್ನ ಕಂಪ್ಯೂಟರಿನ ಪರದೆಯ ಮೇಲೇ ಇಟ್ಟುಕೊಂಡಿದ್ದೆ. ಅದಕ್ಕೊಂದು ಬೀಗವಿಲ್ಲ, ಮುಚ್ಚುಮರೆಯಿಲ್ಲ. ಯಾರು ಕ್ಲಿಕ್ ಮಾಡಿದರೂ ತೆರೆದುಕೊಳ್ಳುತ್ತಿತ್ತು. ನನಗಂತೂ ಅದು ದೊಡ್ಡ ಸೇವೆ ಎಂಬ ಹೆಮ್ಮೆ.

ನೀನು ಸಿಇಟಿ ಪಟ್ಟಿಯಲ್ಲಿ ದೂರದೂರಿನ ಪಶುವೈದ್ಯ ಕಾಲೇಜನ್ನು ಮೊದಲ ಆಯ್ಕೆಯಾಗಿ ಹಾಕಿ ಹೋದ ಮಾರನೆಯ ದಿನ ನಿನ್ನ ಸೋದರಮಾವ ಬಂದರು. ಹುಡುಗಿ ತಮ್ಮ ಮನೆಯಲ್ಲೇ ಇದ್ದು ಓದಲಿ ಎಂದು ಹಟ ಹಿಡಿದಿದ್ದವರು. ಆಯ್ಕೆ ಬದಲಿಸಲು ಅದೇ ಕೊನೆಯ ದಿನ. ಮೇಲ್‌ನಲ್ಲಿದ್ದ ಏನನ್ನೋ ಪ್ರಿಂಟ್ ತೆಗೆಯಬೇಕು ಎಂದರು. 'ಇಲ್ಲೇ ಕೂತ್ಕೊಳ್ಳಿ ಸಾರ್' ಎಂದು ನನ್ನ ಕುರ್ಚಿಯನ್ನೇ ಬಿಟ್ಟುಕೊಟ್ಟು ಜೆರಾಕ್ಸ್ ಮಾಡಲು ಹೋದೆ.

ಸೀಟು ಹಂಚಿಕೆಯಾದಾಗ ನಿನಗೆ ಬಂದದ್ದು ಅವರ ಮನೆ ಹತ್ತಿರದ ಇಂಜಿನಿಯರಿಂಗ್ ಕಾಲೇಜು. ನೀನು ಓಡಿಬಂದೆ. ನಾನು ಕಂಪ್ಯೂಟರಿನ ಹಿಸ್ಟರಿ ತೆಗೆದು ನೋಡಿದೆ — ಅವರು ಕೂತಿದ್ದ ಹೊತ್ತಿನಲ್ಲೇ ಆ ಫೈಲೂ ತೆರೆದಿತ್ತು, ನಿನ್ನ ಖಾತೆಯೂ.

'ನಾ ಹಿಂಗ ಹಾಕಿದ್ದಿಲ್ರೀ ಆಂಟಿ' ಎಂದೆ ನೀನು.

'ಗಾಬರೀಲಿ ನೀನೇ ಏನೋ ಒತ್ತಿರ್ತೀಯ ಕಣಮ್ಮ' ಎಂದೆ ನಾನು.

ಅಂಗಡಿಯ ಹೆಸರು ಕೆಡಬಾರದು — ಆಗ ನನಗೆ ಕಂಡದ್ದು ಅದೊಂದೇ. ನೀನು ಅಳುತ್ತಿದ್ದದ್ದೂ ಕಂಡಿತು, ಆದರೆ...

ಫೈಲನ್ನು ಅವತ್ತೇ ಅಳಿಸಿದೆ. ಈಗ ಯಾರಾದರೂ ಪಾಸ್‌ವರ್ಡ್ ಹೇಳಲು ಬಂದರೆ ಕೀಬೋರ್ಡ್ ಅವರ ಕೈಗೇ ಕೊಟ್ಟು ಮುಖ ತಿರುಗಿಸುತ್ತೇನೆ. ಈ ಸುತ್ತಮುತ್ತ ಇಷ್ಟು ಶಿಸ್ತು ಇನ್ಯಾವ ಅಂಗಡಿಯಲ್ಲೂ ಇಲ್ಲ. ಅದಕ್ಕೂ ನನಗೆ ಹೆಮ್ಮೆಯೇ — ಎಂಥ ಹೆಂಗಸು ನೋಡು ನಾನು.

ನಿನ್ನೆ ನೀನು ಕೆಲಸದ ಅರ್ಜಿ ತುಂಬಲು ಬಂದೆ. ಎಲ್ಲ ನೀನೇ ತುಂಬಿ, ಕೊನೆಗೆ ಸಬ್ಮಿಟ್ ಒತ್ತುವಾಗ ಮೌಸನ್ನು ನನ್ನತ್ತ ಸರಿಸಿದೆ. 'ನೀವ ಒತ್ರೀ ಆಂಟಿ. ನನ್ನ ಕೈ ಮ್ಯಾಲ ನನಗ ನಂಬಿಕಿ ಇಲ್ಲ.' ಆವತ್ತಿನಿಂದ ಪ್ರತಿ ಅರ್ಜಿಗೂ ಹೀಗೇ ಹೇಳುತ್ತೀಯ. ಈ ಹುಡುಗಿಗೆ ನನ್ನ ಮೇಲೆ ಎಷ್ಟು ನಂಬಿಕೆ ಎಂದು ಉಬ್ಬಿಕೊಂಡೇ ನಾನು ಒತ್ತುತ್ತೇನೆ. ನಿನ್ನೆಯೂ ಒತ್ತಿದೆ.