ಹಲೀಮಾಬಿಗೆ ಕಾಲು ತರಲು ಹೋದ ನಾಲ್ಕು ದಿನ

ಸಿದ್ದಾಪುರದ ಬಸ್ ನಿಲ್ದಾಣದಿಂದ ಬೆಳಿಗ್ಗೆ ಆರೂವರೆಗೆ ಹೊರಟೆ. ಫೆಬ್ರವರಿಯ ಚಳಿ ಇನ್ನೂ ಬಿಟ್ಟಿರಲಿಲ್ಲ. ಕಂಡಕ್ಟರ್ ಮಫ್ಲರ್ ಸುತ್ತಿಕೊಂಡೇ ಟಿಕೆಟ್ ಕೊಡುತ್ತಿದ್ದ. ಹೆಂಗಸರಿಗೆ ಸರ್ಕಾರಿ ಬಸ್ಸು ಉಚಿತವಾದ ಮೇಲೆ ನನ್ನ ತಿರುಗಾಟ ಹೆಚ್ಚಾಗಿದೆ. ಆಧಾರ್ ಕಾರ್ಡು ತೋರಿಸಿ ಸೊನ್ನೆ ರೂಪಾಯಿಯ ಟಿಕೆಟ್ ಪಡೆದು, ಎಡಗಾಲನ್ನು ಸೀಟಿನಿಂದ ಸ್ವಲ್ಪ ಹೊರಗೆ ಚಾಚಿ ಕೂತೆ. ಮೊಣಕಾಲಿನ ಕೆಳಗೆ ಅದು ಪ್ಲಾಸ್ಟಿಕ್ಕು ಮತ್ತು ರಬ್ಬರಿನದು. ಹತ್ತೊಂಬತ್ತು ವರ್ಷಗಳ ಹಿಂದೆ ನಾನು ಕೂತಿದ್ದ ಬೈಕಿಗೆ ಲಾರಿ ಬಡಿದು ಹುಟ್ಟಿನಿಂದ ಬಂದ ಕಾಲು ಹೋಯಿತು. ಈ ಕಾಲಿನ ಮೇಲೆ ನಿಂತೇ ಊರಿನ ಹೆಣ್ಣುಮಕ್ಕಳಿಗೆ ಹೊಲಿಗೆ ಕಲಿಸುತ್ತ ಬಂದಿದ್ದೇನೆ.

ಈ ಸಲ ಹೊರಟದ್ದು ಕಿರವತ್ತಿಗೆ. ಶಿರಸಿಯಲ್ಲಿ ಮೂರು ದಿನ ಉಚಿತ ಕೃತಕ ಕಾಲು ಜೋಡಣೆಯ ಶಿಬಿರವಿತ್ತು. ಇಂಥ ಶಿಬಿರಗಳಲ್ಲಿ ನಾನು ಸ್ವಯಂಸೇವಕಿ. ಹೊಸಬರಿಗೆ ಧೈರ್ಯ ಹೇಳುವುದು ನನ್ನ ಕೆಲಸ. ಹಿಂದಿನ ಸಂಜೆ ಕಿರವತ್ತಿಯ ಆಶಾ ಕಾರ್ಯಕರ್ತೆ ರೇಣುಕಾ ಫೋನ್ ಮಾಡಿ, ತನ್ನ ಪಟ್ಟಿಯಲ್ಲಿದ್ದ ಹಲೀಮಾಬಿ ಎಂಬ ಸಿದ್ದಿ ಬುಡಕಟ್ಟಿನ ಹೆಂಗಸು ಬರುವುದಿಲ್ಲವೆಂದು ಹಟ ಹಿಡಿದಿದ್ದಾಳೆ ಎಂದಳು. ಮುಂದಿನ ಶಿಬಿರ ಯಾವಾಗಲೋ ಯಾರಿಗೂ ಗೊತ್ತಿಲ್ಲ. ಕಾಲಿಲ್ಲದ್ದಕ್ಕೆ ಅವಳ ಶಾಲೆಯ ಅಡುಗೆ ಕೆಲಸ ಆಗಲೇ ಹೋಗಿತ್ತು. ನಾನೇ ಹೋಗಿ ಮಾತಾಡುತ್ತೇನೆ ಎಂದೆ.

ಶಿರಸಿಗೆ ಹತ್ತಿರ ಹತ್ತಿರ ನಲವತ್ತು ಕಿಲೋಮೀಟರ್. ನಿಲ್ದಾಣದ ಎದುರಿನ ಹೋಟೆಲ್ಲಿನಲ್ಲಿ ಬನ್ಸು, ಚಹಾ ಮುಗಿಸಿ ಯಲ್ಲಾಪುರದ ಬಸ್ಸು ಹಿಡಿದೆ. ಮಂಚಿಕೇರಿ ದಾಟುವಷ್ಟರಲ್ಲಿ ಮಂಜು ಪೂರ್ತಿ ಕರಗಿ ಬಿಸಿಲು ಚುರುಕಾಯಿತು. ಯಲ್ಲಾಪುರದಲ್ಲಿ ಮತ್ತೆ ಬಸ್ಸು ಬದಲಿಸಿ, ಹುಬ್ಬಳ್ಳಿ ಹೆದ್ದಾರಿಯ ಲಾರಿಗಳ ಹಿಂದೆ ತೆವಳುತ್ತ ಕಿರವತ್ತಿಯಲ್ಲಿ ಇಳಿದಾಗ ಹನ್ನೊಂದೂವರೆ. ಢಾಬಾಗಳ ಮುಂದೆ ಒಗ್ಗರಣೆಯ ವಾಸನೆ. ರೇಣುಕಾ ಆಟೋ ಹಿಡಿದು ಕಾಯುತ್ತಿದ್ದಳು.

ಕಾಡಂಚಿನ ಕೇರಿಯಲ್ಲಿ ಹತ್ತಿಪ್ಪತ್ತು ಮನೆಗಳು. ಹಲೀಮಾಬಿ ಅಂಗಳದಲ್ಲಿ ಕೂತು ಹಳೆ ಬಟ್ಟೆಯ ಕೌದಿ ಹೊಲಿಯುತ್ತಿದ್ದಳು. ನಲವತ್ತೈದರ ಆಸುಪಾಸು, ಗಟ್ಟಿ ಮೈಕಟ್ಟು. ಬಲಗಾಲು ಮೊಣಕಾಲಿನ ಕೆಳಗೆ ಇರಲಿಲ್ಲ. ಮುಳ್ಳು ಚುಚ್ಚಿದ ಗಾಯ, ಮೈಯಲ್ಲಿ ಇದೆಯೆಂದೇ ಗೊತ್ತಿಲ್ಲದ ಸಕ್ಕರೆ ಕಾಯಿಲೆ. ದೊಡ್ಡ ಆಸ್ಪತ್ರೆ ಮುಟ್ಟುವಷ್ಟರಲ್ಲಿ ಕಾಲು ತೆಗೆಯದೆ ದಾರಿಯಿರಲಿಲ್ಲವಂತೆ. ಅದಾಗಿ ಎರಡು ವರ್ಷ. ಚಹಾ ಕುಡಿದು, ಹೊಲಿಗೆಯ ಮಾತಾಡಿ, ಆಮೇಲೆ ವಿಷಯಕ್ಕೆ ಬಂದೆ. ಅವಳು ಸೂಜಿಯಿಂದ ಕಣ್ಣೆತ್ತಲಿಲ್ಲ.

"ಶಿಬಿರ ಗುಡಿ ಹಾಲ್‌ನ್ಯಾಗ ಐತಂತಲ್ರಿ. ನಾ ಬರಂಗಿಲ್ಲ," ಎಂದಳು.

ಕಾರಣವನ್ನು ರೇಣುಕಾ ಬಿಡಿಸಿ ಹೇಳಿದಳು. ಕೆಲವು ವರ್ಷಗಳ ಹಿಂದೆ ಹಲೀಮಾಬಿ ತನ್ನ ತಾಯಿಯನ್ನು ಗುಡಿಯೊಂದರ ಹಾಲ್‌ನಲ್ಲಿ ನಡೆದ ಕಣ್ಣಿನ ಶಿಬಿರಕ್ಕೆ ಕರೆದೊಯ್ದಿದ್ದಳು. ತಪಾಸಣೆ ಚೆನ್ನಾಗಿಯೇ ನಡೆಯಿತು. ಊಟದ ಹೊತ್ತಿಗೆ ಮಾತ್ರ ಕೇರಿಯಿಂದ ಬಂದವರನ್ನು ಬೇರೆ ಮಾಡಿ ಮರದ ಕೆಳಗೆ ಕೂರಿಸಿ, ಎಲೆಗೆ ಮೇಲಿನಿಂದ ಅನ್ನ ಬಿಟ್ಟರಂತೆ. ತಾಯಿ ಉಣ್ಣದೆ ಎದ್ದು ಬಂದವಳು ಮತ್ತೆ ಕಣ್ಣು ತೋರಿಸಲು ಹೋಗಲೇ ಇಲ್ಲ, ಕಾಣದೆಯೇ ತೀರಿಕೊಂಡಳು.

ನಾನು ಸೀರೆ ಸರಿಸಿ, ಕಟ್ಟು ಬಿಚ್ಚಿ, ನನ್ನ ಕಾಲನ್ನು ತೆಗೆದು ಅವಳ ತೊಡೆಯ ಮೇಲೆ ಇಟ್ಟೆ. ಅವಳು ಹೊಲಿಗೆ ಬಿಟ್ಟು ಅದನ್ನು ತಿರುಗಿಸಿ ನೋಡಿದಳು, ಬೆರಳಿನಿಂದ ಕುಟ್ಟಿದಳು, ರಬ್ಬರಿನ ಪಾದದ ಬೆರಳುಗಳ ಗೆರೆ ಸವರಿದಳು. ಇದನ್ನು ಹಾಕಿಕೊಂಡು ಎಲ್ಲಾ ಕಡೆ ಹೋಗುತ್ತೀರಾ ಎಂದು ಕೇಳಿದಳು. ಎಲ್ಲಾ ಕಡೆ ಹೋಗುತ್ತೇನೆ ಎಂದೆ.

ಅದು ಸುಳ್ಳು. ಈ ಹತ್ತೊಂಬತ್ತು ವರ್ಷಗಳಲ್ಲಿ ನಾನು ಒಂದು ದೇವಸ್ಥಾನದ ಒಳಗೂ ಕಾಲಿಟ್ಟಿರಲಿಲ್ಲ. ಮೊದಲನೆಯ ವರ್ಷ ಒಂದು ಕಡೆ ಬಾಗಿಲಲ್ಲಿ ಕಾಲು ಬಿಚ್ಚಿಡಲು ಹೇಳಿದ್ದರು. ಆಮೇಲೆ ಮೊಣಕಾಲು ನೋವೆಂದು ಹೇಳಿ ಹೊರಗಿನಿಂದಲೇ ಕೈಮುಗಿಯುತ್ತಿದ್ದೆ. ಮದುವೆ ಊಟಕ್ಕೂ ಹೊರಗೆ ಕುರ್ಚಿ ಹಾಕಿಸಿಕೊಳ್ಳುತ್ತಿದ್ದೆ. ಅದನ್ನು ಅವಳಿಗೆ ಹೇಳದೆ, ಬೆಳಗಿನ ಬಸ್ಸಿಗೆ ಬಾ ಎಂದಷ್ಟೇ ಹೇಳಿ ಎದ್ದೆ. ರಾತ್ರಿ ರೇಣುಕಾಳ ಮನೆಯಲ್ಲಿ ಜೋಳದ ರೊಟ್ಟಿ, ಹೆಸರುಕಾಳಿನ ಪಲ್ಯ ತಿಂದು ಮಲಗಿದೆ. ಬೆಳಿಗ್ಗೆ ಏಳಕ್ಕೆ ಬಸ್ಸಿಗೆ ಬಂದಾಗ ಹಲೀಮಾಬಿ ಎರಡು ಊರುಗೋಲು, ಒಂದು ಚೀಲದೊಂದಿಗೆ ರಸ್ತೆಯ ಬದಿಗೆ ನಿಂತಿದ್ದಳು.

ಆ ಎರಡನೆಯ ದಿನದ ಪ್ರಯಾಣ ಸುಲಭವಿರಲಿಲ್ಲ. ಬಸ್ಸಿನ ಮೆಟ್ಟಿಲನ್ನು ಅವಳು ಕುಳಿತು ಹತ್ತಿದಳು, ಕುಳಿತು ಇಳಿದಳು. ಯಲ್ಲಾಪುರದಲ್ಲಿ ಚಾಲಕ ಅವಸರ ಮಾಡದೆ ಕಾದ. ಶಿರಸಿಯ ಹೊರವಲಯದ ಸಭಾಭವನ ತಲುಪಿದಾಗ ಹನ್ನೊಂದು ಗಂಟೆ. ದೇವಸ್ಥಾನದವರು ತಮ್ಮ ಹಾಲ್ ಅನ್ನು ಬಾಡಿಗೆಯಿಲ್ಲದೆ ಕೊಟ್ಟಿದ್ದರು. ಪಕ್ಕದ ತಗಡಿನ ಶೆಡ್ಡಿನಲ್ಲಿ ಕೆಲಸ ಭರದಿಂದ ನಡೆದಿತ್ತು. ಒಂದೇ ಸಾಲು, ಬಂದವರು ಬಂದಂತೆ. ಗುಡ್ನಾಪುರದ ಕಡೆಯ ರೈತ, ಪೇಟೆಯ ನಿವೃತ್ತ ಗುಮಾಸ್ತ, ಅವರ ನಡುವೆ ಹಲೀಮಾಬಿ. ವೈದ್ಯರು ಅವಳ ಸಕ್ಕರೆ ಪರೀಕ್ಷಿಸಿ, ಗಾಯ ಚೆನ್ನಾಗಿ ಒಣಗಿದೆಯೆಂದು ಒಪ್ಪಿಗೆ ಕೊಟ್ಟರು. ಒಬ್ಬ ತಂತ್ರಜ್ಞ ಅವಳ ಮೋಟುಕಾಲಿಗೆ ಪ್ಲಾಸ್ಟರಿನ ಒದ್ದೆ ಪಟ್ಟಿ ಸುತ್ತಿ ಅಚ್ಚು ತೆಗೆದ. ಅಚ್ಚಿನಲ್ಲಿ ಮೂಡಿದ ತನ್ನ ಕಾಲಿನ ಆಕಾರವನ್ನು ಅವಳು ಕೈಯಿಂದ ಸವರಿ ನೋಡಿದಳು. ಅಂದಿನ ಊಟ ಶೆಡ್ಡಿಗೇ ಬಂತು, ರಾತ್ರಿ ನಾವೆಲ್ಲ ಅದರ ಪಕ್ಕದ ಕೋಣೆಗಳಲ್ಲೇ ಉಳಿದೆವು.

ಮೂರನೆಯ ದಿನ ಹತ್ತು ಗಂಟೆಗೆ ಕಾಲು ಸಿದ್ಧವಾಗಿ ಬಂತು. ಎರಡು ಕಬ್ಬಿಣದ ಕಂಬಿಗಳ ನಡುವೆ ಅವಳನ್ನು ನಿಲ್ಲಿಸಿದರು. ಮೊದಲ ಹೆಜ್ಜೆಗೆ ಅವಳ ಕುತ್ತಿಗೆಯ ನರಗಳು ಬಿಗಿದವು. ಭಾರ ಹಾಕು, ಅದು ತಡೆಯುತ್ತದೆ ಎಂದು ನಾನು ಹೇಳುತ್ತಲೇ ಇದ್ದೆ. ಐದನೆಯ ಸುತ್ತಿಗೆ ಒಂದು ಕೈ ಬಿಟ್ಟಳು. ಹತ್ತನೆಯದಕ್ಕೆ ಎರಡೂ ಕೈ ಬಿಟ್ಟು ಶೆಡ್ಡಿನ ಆ ತುದಿಯವರೆಗೆ ಹೋಗಿ, ಗೋಡೆ ಮುಟ್ಟಿ, ತಿರುಗಿ ಬಂದಳು. ಸಾಲಿನಲ್ಲಿದ್ದವರು ಚಪ್ಪಾಳೆ ತಟ್ಟಿದರು. ಅವಳು ನಾಚಿ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು.

ಊಟಕ್ಕೆ ಒಂದು ಗಂಟೆಗೆ ಕರೆದರು. ಅಂದು ಕಾಲು ಪಡೆದ ಹನ್ನೊಂದು ಮಂದಿ, ಜೊತೆಗೆ ನಾನು, ಮೆಲ್ಲಗೆ ನಡೆದು ಸಭಾಭವನದ ಭೋಜನಶಾಲೆಗೆ ಬಂದೆವು. ಬಾಗಿಲಲ್ಲಿ ಅಲ್ಲಿನ ಮ್ಯಾನೇಜರ್ ನಿಂತಿದ್ದರು. ಒರಟು ಮನುಷ್ಯರಲ್ಲ, ಕೈಮುಗಿದೇ ಮಾತಾಡಿದರು. ಒಳಗೆ ದೇವರ ಪ್ರಸಾದದ ಊಟ, ಬೀದಿ ತುಳಿದದ್ದು ಒಳಗೆ ಬರುವ ಹಾಗಿಲ್ಲ, ಆದ್ದರಿಂದ ಕೃತಕ ಕಾಲನ್ನು ಚಪ್ಪಲಿಯ ಜಾಗದಲ್ಲಿ ಬಿಚ್ಚಿಡಬೇಕು, ಆಗದವರಿಗೆ ಹೊರಗೆ ಟೇಬಲ್ ಹಾಕಿಸಿದೆ ಎಂದರು. ಮರದ ಕೆಳಗೆ ಟೇಬಲ್ಲುಗಳು ಸಾಲಾಗಿದ್ದವು. ಶಿಬಿರದ ಸಂಘಟಕರೊಬ್ಬರು ನನ್ನ ಹತ್ತಿರ ಬಂದು, ತಕರಾರು ಬೇಡ ಟೀಚರ್, ಮುಂದಿನ ಸಲವೂ ಇದೇ ಹಾಲ್ ಬೇಕು ಎಂದು ಪಿಸುಗುಟ್ಟಿದರು. ಅವರ ಮಾತಿನಲ್ಲೂ ಹುರುಳಿತ್ತು. ನಾನು ಅಭ್ಯಾಸಬಲದಿಂದ ಮರದ ಕಡೆ ತಿರುಗಿದೆ.

ಹಲೀಮಾಬಿ ಕದಲಲಿಲ್ಲ. "ಅಕ್ಕಾರ, ಎಲ್ಲಾ ಕಡೆ ಹೋಗ್ತೀನಿ ಅಂದಿದ್ರಿ," ಎಂದಳು.

ಮರದ ಕಡೆ ಇಟ್ಟ ಹೆಜ್ಜೆಯನ್ನು ನಾನು ಹಿಂದಕ್ಕೆ ತೆಗೆದೆ. ಅವಳು ನನ್ನ ಉತ್ತರಕ್ಕೆ ಕಾಯದೆ ಮ್ಯಾನೇಜರರ ಕಡೆ ತಿರುಗಿದಳು. ದನಿ ಏರಿಸಲಿಲ್ಲ.

"ಇದು ಚಪ್ಪಲಿ ಅಲ್ರಿ, ನನ್ನ ಕಾಲು. ನಿಮ್ಮ ಕಾಲೂ ಬೀದಿ ತುಳದೇ ಬಂದಾವು. ನೀವು ತೊಳ್ಕೊಂಡು ಒಳಗ ಹೋಗ್ತೀರಿ. ನಾನೂ ತೊಳ್ಕೊಂಡು ಹೋಗ್ತೀನಿ."

ಅಷ್ಟು ಹೇಳಿ ಅಂಗಳದ ಮೂಲೆಯ ನಲ್ಲಿಯವರೆಗೆ ಒಬ್ಬಳೇ ನಡೆದಳು. ಸೀರೆ ಎತ್ತಿ ಹಿಡಿದು ಎಡಪಾದ ತೊಳೆದಳು, ರಬ್ಬರಿನ ಬಲಪಾದವನ್ನೂ ಅಷ್ಟೇ ನಿಧಾನವಾಗಿ, ಬೆರಳುಗಳ ಸಂದಿಯೆಲ್ಲ ಉಜ್ಜಿ ತೊಳೆದಳು. ಗುಡ್ನಾಪುರದ ರೈತ ಅವಳ ಹಿಂದೆ ಹೋಗಿ ನಿಂತ. ನಿವೃತ್ತ ಗುಮಾಸ್ತರೂ ಪಂಚೆ ಮೇಲೆ ಕಟ್ಟಿಕೊಂಡರು. ನಾಲ್ಕನೆಯವಳಾಗಿ ನಾನು ಹೋದೆ. ನೀರು ತಣ್ಣಗಿತ್ತು, ಒಂದು ಕಾಲಿಗಷ್ಟೇ ಅದು ತಿಳಿಯಿತು, ಆದರೆ ನಾನು ಎರಡನ್ನೂ ತೊಳೆದೆ.

ಮ್ಯಾನೇಜರ್ ಇನ್ನೂ ಬಾಗಿಲಲ್ಲೇ ಇದ್ದರು. ಅಷ್ಟರಲ್ಲಿ ಒಳಗೆ ಬಡಿಸುತ್ತಿದ್ದ ಸಮಿತಿಯ ಹಿರಿಯರೊಬ್ಬರು ಸಾರಿನ ಸೌಟು ಹಿಡಿದೇ ಹೊರಗೆ ಬಂದರು. ಎಂಬತ್ತು ದಾಟಿರಬೇಕು. ವಿಷಯ ಕೇಳಿಕೊಂಡು ಮ್ಯಾನೇಜರರಿಗೆ ತಮ್ಮ ಮನೆಮಾತಿನಲ್ಲಿ ಹೇಳಿದರು: "ಎಂತ ಮಾರಾಯಾ, ಆನು ಕಟ್ಟಿಸ್ಕಂಡ ಹಲ್ಲು ಹಾಕ್ಯಂಡೇ ಗರ್ಭಗುಡಿ ಎದುರಿಗೆ ನಿಲ್ತೆ. ಯಾರೂ ತೆಗಿ ಹೇಳಿದ್ವಿಲ್ಲೆ. ದಾರಿ ಬಿಡು, ಅನ್ನ ಆರ್ತು."

ಕಟ್ಟಿಸಿದ ಹಲ್ಲು ಹಾಕಿಕೊಂಡೇ ತಾವು ದೇವರೆದುರು ನಿಲ್ಲುವುದನ್ನು ಹಿರಿಯರು ಹೇಳಿದ ಮೇಲೆ ಮ್ಯಾನೇಜರ್ ಪಕ್ಕಕ್ಕೆ ಸರಿದರು. ಹಲೀಮಾಬಿಯ ಒದ್ದೆ ಪಾದಗಳು ಹೊಸ್ತಿಲು ದಾಟಿದವು. ಅವಳ ಹಿಂದೆ ಒಬ್ಬೊಬ್ಬರಾಗಿ ನಾವೆಲ್ಲ ದಾಟಿದೆವು. ಒಳಗಿನ ಉದ್ದನೆಯ ಬೆಂಚುಗಳಲ್ಲಿ ಶಿಬಿರದ ವೈದ್ಯರು, ಅಡುಗೆಯವರ ಮನೆಯವರು, ದರ್ಶನಕ್ಕೆ ಬಂದ ಭಕ್ತರು ಕೂತಿದ್ದರು. ನಡುವೆ ಜಾಗ ಮಾಡಿಕೊಟ್ಟರು. ಅನ್ನ, ತಂಬುಳಿ, ಹಪ್ಪಳ, ಕಡಲೆಬೇಳೆಯ ಪಾಯಸ. ಬಡಿಸಲು ಬಂದ ಅದೇ ಹಿರಿಯರು ಹಲೀಮಾಬಿಯ ಎಲೆಯ ಮುಂದೆ ಬಾಗಿ, ಪಾಯಸ ಇನ್ನಷ್ಟು ಬೇಕೇ ಎಂದು ಕೇಳಿದರು. ಅವಳು ಎರಡು ಸಲ ಹಾಕಿಸಿಕೊಂಡಳು. ಅವಳ ಸಕ್ಕರೆ ಪರೀಕ್ಷಿಸಿದ್ದ ವೈದ್ಯರು ದೂರದಿಂದ ಕಣ್ಣು ಬಿಟ್ಟದ್ದನ್ನು ನೋಡಿಯೂ ನೋಡದಂತೆ ಉಂಡಳು. ನಮಾಜಿಗೆ ಮುಂಚೆ ಕಾಲು ತೊಳೆಯುವುದು ತನಗೆ ಚಿಕ್ಕಂದಿನಿಂದ ರೂಢಿ, ಅದಕ್ಕೇ ಬಾಗಿಲಲ್ಲಿ ಆ ಮಾತು ತಾನಾಗಿ ಬಂತು ಎಂದು ನನಗೆ ಮೆಲ್ಲಗೆ ಹೇಳಿದಳು. ಹತ್ತೊಂಬತ್ತು ವರ್ಷಗಳ ನನ್ನ ಗುಟ್ಟನ್ನು ಅಲ್ಲೇ, ಎಲೆಯ ಮುಂದೆಯೇ ಅವಳಿಗೆ ಹೇಳಿ ತಪ್ಪೊಪ್ಪಿಕೊಂಡೆ. ಅವಳು ನನ್ನ ಎಲೆಗೆ ತನ್ನ ಹಪ್ಪಳ ಇಟ್ಟಳು.

ಹೊರಡುವಾಗ ಮ್ಯಾನೇಜರ್ ಗೇಟಿನವರೆಗೆ ಬಂದರು. ಮುಂದಿನ ಶಿಬಿರಕ್ಕೆ ನಲ್ಲಿಯ ಹತ್ತಿರ ಹಿಡಿದುಕೊಳ್ಳಲು ಒಂದು ಕಂಬಿ ಹಾಕಿಸುತ್ತೇನೆ, ಅಲ್ಲಿ ಜಾರುತ್ತದೆ ಎಂದರು. ಕ್ಷಮೆ ಎಂಬ ಮಾತು ಬರಲಿಲ್ಲ. ಸಂಘಟಕರು ಮಾತ್ರ ನನ್ನ ಕಡೆ ನೋಡಿ ನಕ್ಕರು.

ಮರಳುವಾಗ ಹಲೀಮಾಬಿ ಬಸ್ಸಿನ ಮೆಟ್ಟಿಲುಗಳನ್ನು ನಿಂತು ಹತ್ತಿದಳು. ಕಂಡಕ್ಟರ್ ಅಂಗವಿಕಲರ ಸೀಟು ಖಾಲಿ ಮಾಡಿಸಲು ಹೊರಟರೆ, ಮುಂದಿನ ಸ್ಟಾಪಿನವರೆಗೆ ನಿಂತೇ ಬರುತ್ತೇನೆ ಎಂದಳು. ಸೋಂದಾ ಕ್ರಾಸ್‌ವರೆಗೂ ಕಂಬಿ ಹಿಡಿದು ನಿಂತಿದ್ದಳು. ಕಿರವತ್ತಿ ಮುಟ್ಟಿದಾಗ ಹೊತ್ತು ಮುಳುಗುತ್ತಿತ್ತು. ನನ್ನ ಕಾಲೂ ನೋಯುತ್ತಿದ್ದರಿಂದ ಆ ರಾತ್ರಿಯೂ ರೇಣುಕಾಳ ಮನೆಯಲ್ಲೇ ಉಳಿದೆ.

ಮರುದಿನ ಶನಿವಾರ. ಬೆಳಿಗ್ಗೆ ಹಲೀಮಾಬಿ ನನ್ನನ್ನೂ ರೇಣುಕಾಳನ್ನೂ ತಾನು ಹಿಂದೆ ಅಡುಗೆ ಮಾಡುತ್ತಿದ್ದ ಶಾಲೆಗೆ ಕರೆದೊಯ್ದಳು. ಅಡುಗೆಯವರ ಜಾಗವೊಂದು ಖಾಲಿಯೇ ಇತ್ತು. ಅವಳ ನಂತರ ಬಂದವರು ಯಾರೂ ಹೆಚ್ಚು ದಿನ ಉಳಿದಿರಲಿಲ್ಲ. ಮುಖ್ಯೋಪಾಧ್ಯಾಯಿನಿ ಅವಳನ್ನು ಅಡಿಯಿಂದ ಮುಡಿಯವರೆಗೆ ನೋಡಿ, ದಿನಕ್ಕೆ ನಾಲ್ಕು ತಾಸು ನಿಲ್ಲಬೇಕು, ಆಗುತ್ತದೆಯೇ ಎಂದು ಕೇಳಿದರು. ಮೊದಮೊದಲು ನಡುನಡುವೆ ಕೂಡುತ್ತೇನೆ, ತಿಂಗಳೊಳಗೆ ಬೇಡವಾಗುತ್ತದೆ ಎಂದು ಹಲೀಮಾಬಿ ಲೆಕ್ಕವಿಟ್ಟಂತೆ ಉತ್ತರಿಸಿದಳು. ಹಾಗಾದರೆ ಸೋಮವಾರ ಬಾ, ಸಮಿತಿಗೆ ನಾನು ಹೇಳುತ್ತೇನೆ ಎಂದರು ಅವರು.

ನನ್ನ ಬಸ್ಸಿಗೆ ಹೊತ್ತಾಗಿತ್ತು. ಹಲೀಮಾಬಿಗೆ ಹೋಗಿಬರುತ್ತೇನೆ ಎಂದರೆ ಅವಳ ಲಕ್ಷ್ಯವೆಲ್ಲ ಅಡುಗೆಮನೆಯ ಕಡೆಗಿತ್ತು. ಬರ್ರಿ ಅಕ್ಕಾರ, ಮತ್ತ ಬರ್ರಿ ಎಂದು ಕೈ ಹಿಡಿದು ಅದುಮಿ, ಆ ಕಡೆ ನಡೆದಳು. ಗೇಟಿನಿಂದ ತಿರುಗಿ ನೋಡಿದೆ. ಸೋಮವಾರದವರೆಗೆ ಕಾಯಲು ಅವಳಿಂದ ಆಗಿರಲಿಲ್ಲ. ಒಲೆಯ ಮುಂದೆ ನೆಟ್ಟಗೆ ನಿಂತು, ಹಂಡೆಯ ಮುಚ್ಚಳ ಎತ್ತಿ ರುಚಿ ನೋಡಿ, ಉಪ್ಪು ಕಡಿಮೆಯಾಗಿದೆ ಎಂದು ಒಳಗಿದ್ದ ಇನ್ನೊಬ್ಬ ಅಡುಗೆಯವಳಿಗೆ ಹೇಳುತ್ತಿದ್ದಳು.