ವ್ಯಾಕರಣ ಪುಸ್ತಕದ ಮೂಲೆಯಲ್ಲಿ ನಡೆದವಳು

ಗೀಚಮ್ಮನನ್ನು ನಾನು ಮೊದಲು ಗಮನಿಸಿದ್ದು ಎಂಟನೆಯ ತರಗತಿಯಲ್ಲಿ, ಸಮಾಸದ ಪಾಠ ಮಾಡುತ್ತಿದ್ದಾಗ. ಆ ಹೆಸರು ಸಹಪಾಠಿಗಳು ಇಟ್ಟದ್ದು. ಖಾಲಿ ಜಾಗ ಕಂಡರೆ ಅವಳು ಗೀಚದೆ ಬಿಡುತ್ತಿರಲಿಲ್ಲ. ಅವಳ ವ್ಯಾಕರಣ ಪುಸ್ತಕವನ್ನು ಕಿತ್ತುಕೊಂಡು ನೋಡಿದೆ. ಎಂಬತ್ತು ಹಾಳೆಗಳ ಕೆಳಮೂಲೆಯಲ್ಲಿಯೂ ಹೆಬ್ಬೆರಳುದ್ದದ ಒಬ್ಬ ಹೆಂಗಸು. ಹಾಳೆಗಳನ್ನು ಸರ್ರನೆ ಬಿಟ್ಟರೆ ಅವಳು ನಡೆದು ದೂರವಾಗುತ್ತಿದ್ದಳು. ಬಲಗೈ ಬೀಸುತ್ತಿತ್ತು, ಎಡಗೈ ಮೈಗೆ ಅಂಟಿಕೊಂಡಂತಿತ್ತು.

"ಯಾರಿದು?"

"ನಮ್ಮಮ್ಮ, ಸರ್."

"ಮುಖ ಯಾಕೆ ಬರೆದಿಲ್ಲ?"

"ಅವಳಿನ್ನೂ ತಿರುಗಿಲ್ಲ, ಸರ್."

ತಾಯಿ ತೀರಿಕೊಂಡಾಗ ಅವಳಿಗೆ ಮೂರು ವರ್ಷ. ಮನೆಯಲ್ಲಿ ಒಂದು ಫೋಟೋ ಕೂಡ ಇರಲಿಲ್ಲ. ಆಸ್ಪತ್ರೆಗೆಂದು ಗೇಟು ದಾಟಿ ಹೋದ ಬೆನ್ನಷ್ಟೇ ನೆನಪು. ಮುಖ ಹೇಗಿತ್ತೆಂದು ಸಾಕಿದ ಸೋದರತ್ತೆಯನ್ನು ಕೇಳಿದರೆ, "ನಿನ್ನ ಹಾಗೇ ಇದ್ಲು ಕಣೇ, ಆದ್ರೆ ಹೇಳಿದ ಮಾತು ಕೇಳ್ತಿದ್ಲು" ಎನ್ನುತ್ತಿದ್ದರಂತೆ.

ಗಂಟೆ ಹೊಡೆಯಿತು, ಪುಸ್ತಕ ನನ್ನ ಕೈಯಲ್ಲೇ ಉಳಿಯಿತು. ನಾಳೆ ಕೊಟ್ಟರಾಯಿತು ಎನ್ನುತ್ತಲೇ ವರ್ಷಗಳು ಕಳೆದವು. ಅದು ನನ್ನ ತಪ್ಪು.

ಓದು ಮುಗಿಸಿ ಅವಳು ಕಾರ್ಟೂನು ಸ್ಟುಡಿಯೋ ಸೇರಿದಳು. ಹಿರಿಯರು ಒಂದು ಹೆಜ್ಜೆಯ ಮೊದಲನ್ನೂ ಕೊನೆಯನ್ನೂ ಬರೆಯುವರು; ನಡುವಿನ ಚಿತ್ರಗಳನ್ನು ಇವಳು ತುಂಬಬೇಕು. ಕೆಳಗಿನಿಂದ ದೀಪ ಬೆಳಗುವ ಗಾಜಿನ ಮೇಜಿನ ಮೇಲೆ ಒಂಬತ್ತು ವರ್ಷ ಮೊಲ, ಕರಡಿಗಳನ್ನು ನಡೆಸಿದಳು. ನಿನ್ನ ಕರಡಿಗೂ ಎಡಗೈ ಬೀಸಲು ಸೋಮಾರಿತನವೇ ಎಂದು ಬೈಸಿಕೊಂಡಳಂತೆ.

ಸ್ಟುಡಿಯೋ ಮುಚ್ಚಿದಾಗ ಎಡಿಟಿಂಗ್ ಕಲಿತಳು. ಕತ್ತರಿಸಿ ಜೋಡಿಸಿದ ದೃಶ್ಯದ ಓಟ ಸರಿಯಿದೆಯೇ ಎಂದು ತಿಳಿಯಲು, ಧ್ವನಿ ನಿಲ್ಲಿಸಿ ಕೊನೆಯಿಂದ ಮೊದಲಿಗೆ ಓಡಿಸಿ ನೋಡುವುದು ಅವಳ ಪದ್ಧತಿ. ಒಂದು ಮಧ್ಯಾಹ್ನ ಯಾರದೋ ಚಿತ್ರದ ಬೀದಿಯೊಂದನ್ನು ಹಾಗೆ ಓಡಿಸಿದಳು. ಜನರೆಲ್ಲ ಹಿಂದಕ್ಕೆ ನಡೆಯುತ್ತಿದ್ದರು. ಒಬ್ಬಳು ಮಾತ್ರ ಮುಂದಕ್ಕೆ ನಡೆದುಹೋಗುತ್ತಿದ್ದಳು, ಎಡಗೈ ಬೀಸದೆ. ಕ್ಯಾಮರಾದವರಿಗೆ ಅಂಥ ಹೆಂಗಸನ್ನು ಕಂಡ ನೆನಪೇ ಇರಲಿಲ್ಲ.

ಬೀದಿಗಳನ್ನು ತಾನೇ ಆರಿಸಿಕೊಳ್ಳಬೇಕೆಂದು ಅವಳು ನಿರ್ದೇಶಕಿಯಾದಳು. ಮೂರು ಚಿತ್ರ ಮಾಡಿದಳು. ಪತ್ರಿಕೆಯವರು ಕಥೆಯನ್ನು ಹೊಗಳಿದರು. ಅವಳು ಮಾತ್ರ ಜನಸಂದಣಿಯಲ್ಲಿ ಕಣ್ಣಿಟ್ಟು ಹುಡುಕುತ್ತಿದ್ದಳು. ಮೂರರಲ್ಲೂ ಆ ಹೆಂಗಸು ಇದ್ದಳು, ಬೆನ್ನು ಹಾಕಿಯೇ.

ಹೋದ ವರ್ಷ ನನ್ನ ಮನೆಗೆ ಬಂದು ಇದನ್ನೆಲ್ಲ ಹೇಳಿದಳು. ತಲೆ ಅರ್ಧ ನರೆತಿತ್ತು. ಬೀರುವಿನಿಂದ ಪುಸ್ತಕ ತೆಗೆದುಕೊಟ್ಟು ಕ್ಷಮೆ ಕೇಳಿದೆ. ಅಭ್ಯಾಸಬಲದಿಂದ ಅವಳು ಹಾಳೆಗಳನ್ನು ಹಿಂದಿನಿಂದ ಬಿಟ್ಟಳು. ಹೆಬ್ಬೆರಳು ತಟ್ಟನೆ ನಿಂತಿತು. ಕೊನೆಯ ಹಾಳೆಗಳಲ್ಲಿ ಹೆಂಗಸಿನ ಎಡಭುಜ ತುಸು ಇತ್ತ ಹೊರಳಿತ್ತು.

"ಗೆರೆ ನನ್ನದೇ, ಸರ್. ಆದ್ರೆ ಇದನ್ನ ನಾನು ಬರೆದಿಲ್ಲ."

ನಾನಂತೂ ಬರೆದಿರಲಿಲ್ಲ, ನೆಟ್ಟಗೆ ಒಂದು ಮೂಗು ಬರೆಯಲೂ ನನಗೆ ಬಾರದು. "ನಿಮಗೂ ಕಾಣ್ತಿದೆ ತಾನೆ?" ಎಂದಳು. ಕಾಣುತ್ತಿದೆ ಎಂದೆ. ಅವಳು ಬಹಳ ಹೊತ್ತು ಅತ್ತಳು.

ಈಗ ಸಿನಿಮಾ ಬಿಟ್ಟಿದ್ದಾಳೆ. ಹಳೆಯ ಗಾಜಿನ ಮೇಜೊಂದನ್ನು ಮನೆಗೆ ತಂದಿದ್ದಾಳೆ. ಅದರ ಮೇಲೆ ಪುಸ್ತಕದ ಕೊನೆಯ ಹಾಳೆ. ಪಕ್ಕದಲ್ಲಿ ಸಾಲಾಗಿ ಖಾಲಿ ಹಾಳೆಗಳು. ನಡುವಿನ ಚಿತ್ರ ಬರೆಯುವುದು ನಿನಗೆ ನೀರು ಕುಡಿದಷ್ಟು ಸುಲಭ, ಉಳಿದದ್ದನ್ನು ನೀನೇ ಬರೆದುಬಿಡಬಾರದೇ ಎಂದು ಕೇಳಿದೆ. ತಪ್ಪು ಮುಖ ಬರೆದರೆ ಕೊನೆಯವರೆಗೂ ಅದೇ ಅಮ್ಮನಾಗಿಬಿಡುತ್ತದೆ ಎಂದಳು. ಆದ್ದರಿಂದ ಪೆನ್ಸಿಲು ಮುಟ್ಟುವುದಿಲ್ಲ. ರಾತ್ರಿ ಮೇಜಿನ ದೀಪ ಹಾಕಿ, ಬಾಗಿಲು ಎಳೆದುಕೊಂಡು ಬರುತ್ತಾಳೆ. ಬೆಳಿಗ್ಗೆ ಹೋಗಿ ನೋಡುತ್ತಾಳೆ.

ನಿನ್ನೆ ಫೋನು ಮಾಡಿದ್ದಳು.

"ಕಿವಿ ಬಂದಿದೆ, ಸರ್."