ಅಪ್ಪ ಓದಿದ ನನ್ನ ಕಾರ್ಡುಗಳು

ಕಳೆದ ಶನಿವಾರ ಮಧ್ಯಾಹ್ನ ನನ್ನಪ್ಪ ಮಮದಾಪುರದಿಂದ ವಿಜಾಪುರಕ್ಕೆ ಬಂದ. ಕೈಕಾಲು ತೊಳೆಯುವ ಮೊದಲೇ ಹೇಳಿದ:

"ಹನ್ನೆರಡ ವರ್ಷದಾಗ ನೀ ಮನಿಗೆ ಬರದ ಕಾರ್ಡ ಅಷ್ಟೂ ಮತ್ತ ಬರದು ಕೊಡಬೇಕು. ಇವತ್ತ."

ಮೋಟಾರಿನ ಹೊಗೆ ತಲೆಗೇರಿರಬೇಕು ಅಂದುಕೊಂಡೆ. (ಯುದ್ಧ ಶುರುವಾಗಿ ಪೆಟ್ರೋಲು ಮಾಯವಾದ ಮೇಲೆ ಬಬಲೇಶ್ವರದ ಮೋಟಾರು ಇದ್ದಿಲಿನ ಮೇಲೆ ಓಡುತ್ತದೆ. ಇಳಿದವರ ಮುಖ ಸುಟ್ಟ ಬದನೆಕಾಯಿ.) ಆದರೆ ಅಪ್ಪನ ತಲೆ ನೆಟ್ಟಗೇ ಇತ್ತು. ಅವನು ಹೆದರಿದ್ದ.

ಮೊದಲು ನನ್ನ ಕಾರ್ಡುಗಳ ವೈಭವ ಹೇಳಿಬಿಡುತ್ತೇನೆ. "ತೀರ್ಥರೂಪರಿಗೆ ಸಾಷ್ಟಾಂಗ ನಮಸ್ಕಾರ. ಇತ್ತ ಎಲ್ಲರೂ ಕ್ಷೇಮ. ಒಂದು ಚೀಲ ಜೋಳ ಕಳಿಸಬೇಕು. ಅವ್ವನಿಗೆ ನಮಸ್ಕಾರ." ಮುಗಿಯಿತು. ಒಮ್ಮೊಮ್ಮೆ ಜೋಳದ ಜಾಗದಲ್ಲಿ ಶೇಂಗಾ. ವಾರವಾರ ಈ ಅಂಕಣದಲ್ಲಿ ನಿಮಗೆ ಇಷ್ಟುದ್ದ ಕೊರೆಯುವ ಮನುಷ್ಯ ಹೆತ್ತವರಿಗೆ ಬರೆಯುವುದು ನಾಲ್ಕು ಸಾಲು. ಯಾಕೆ, ನಿಮ್ಮದು ಐದು ಸಾಲೇ?

ಅವ್ವನಿಗೆ ಓದಲು ಬರುವುದಿಲ್ಲ. ತಮ್ಮನಿಗೆ ಎತ್ತು, ಹೊಲ ಬಿಟ್ಟರೆ ಬೇರೆ ಲೋಕವಿಲ್ಲ. ಹಾಗಾಗಿ ಕಾರ್ಡು ಬಂದಾಗ ಅಪ್ಪ ಕಟ್ಟೆಯ ಮೇಲೆ ಕೂತು ದೊಡ್ಡ ದನಿಯಲ್ಲಿ ಓದುತ್ತಾನೆ, ಅವ್ವ ಕೈಗೆಲಸ ಬಿಟ್ಟು ಬಂದು ಕೇಳುತ್ತಾಳೆ. ಇಷ್ಟು ನನಗೂ ಗೊತ್ತಿತ್ತು. ಅಪ್ಪ ಏನು ಓದುತ್ತಾನೆ ಅನ್ನುವುದು ಮಾತ್ರ ಗೊತ್ತಿರಲಿಲ್ಲ.

"ನೀ ಬರದದ್ದು ಓದತಿದ್ದೆ," ಎಂದ ಅಪ್ಪ, ಧೋತರದ ಚುಂಗು ತಿರುವುತ್ತ. "ಆಮ್ಯಾಲ ಒಂದೀಟು ಕೂಡಸತಿದ್ದೆ."

"ಏನ ಕೂಡಸತಿದ್ದಿ?"

"ನಿಮ್ಮವ್ವನ ಬಗ್ಗೆ. ನಾಕು ಛೊಲೊ ಮಾತು."

ಹನ್ನೆರಡು ವರ್ಷ. ನನ್ನ ಹೆಸರಿನಲ್ಲಿ. ಅದೆಷ್ಟು ಚೆನ್ನಾಗಿತ್ತೆಂದರೆ, ಮಗ ಬರೆದದ್ದನ್ನು ಸಾಯುವುದರೊಳಗೆ ಒಮ್ಮೆಯಾದರೂ ತನ್ನ ಕಣ್ಣಿಂದಲೇ ಓದಬೇಕೆಂದು ಅವ್ವ ಹಟ ಹಿಡಿದಿದ್ದಾಳೆ. ತಮ್ಮನ ಹೆಂಡತಿ, ಹೊಸದಾಗಿ ಬಂದ ಸೊಸೆ, ಟಿಕೋಟಾದ ಹುಡುಗಿ. ನಾಲ್ಕನೆಯ ಇಯತ್ತೆಯವರೆಗೆ ಓದಿದ್ದಾಳೆ. ಮೂರು ತಿಂಗಳಿಂದ ಅತ್ತೆಗೆ ಅಕ್ಷರ ಕಲಿಸುತ್ತಿದ್ದಾಳೆ.

"ಒತ್ತಕ್ಷರಕ್ಕ ಬಂದಾಳಪಾ," ಎಂದ ಅಪ್ಪ. "ಇನ್ನ ಎಂಟ ದಿನದಾಗ ನಿನ್ನ ಕಾರ್ಡ ಇಟ್ಟ ಡಬ್ಬಿ ತಗೀತಾಳ. ಒಳಗ ಬರೇ ಜೋಳ, ಶೇಂಗಾ ಸಿಕ್ಕರ ಏನಂತಾಳ? ಹನ್ನೆರಡ ವರ್ಷ ನನ್ನ ಹುಚ್ಚಿ ಮಾಡಿದ್ರಿ ಅಂತಾಳ. ಮುಂದ ನನ್ನ ಯಾವ ಮಾತು ನಂಬತಾಳ?"

ನನಗೆ ನಗು ಬಂತು, ಒಪ್ಪಿಕೊಳ್ಳುತ್ತೇನೆ. ಹಳೆಯ ಕಾರ್ಡು ಎಲ್ಲಿಂದ ತರುವುದು, ಪೋಸ್ಟಿನ ಠಸೆ ಯಾರು ಒತ್ತುವುದು ಎಂದೆಲ್ಲ ಚೇಷ್ಟೆ ಮಾಡಿದೆ. ಆದರೆ ಅಪ್ಪ ಸಿದ್ಧೇಶ್ವರ ಗುಡಿಯ ಪೇಟೆಯಿಂದ ಖಾಲಿ ಹಾಳೆಗಳನ್ನು ಕೊಂಡೇ ತಂದಿದ್ದ. ಕಾರ್ಡಲ್ಲದಿದ್ದರೆ ಕಾಗದವಾದರೂ ಆದೀತು ಅಂತ. ಕೂತೆ. ಡಿಕ್ಟೇಶನ್ ಶುರುವಾಯಿತು.

ಅಪ್ಪ ಗೋಡೆ ನೋಡುತ್ತ ಹೇಳಿದ: "ಅವ್ವನ ಮೊಣಕಾಲ ಹೆಂಗೈತಿ? ಕೆರಿ ಪಾವಟಿಗಿ ಏರೂವಾಗ ನಿಂತು ನಿಂತು ಏರು ಅನ್ನು. ದಿನಾ ಎರಡ ಕೊಡದ ಮ್ಯಾಲ ತರಬ್ಯಾಡ ಅನ್ನು."

ಪೆನ್ನು ನಿಂತಿತು. ಅವ್ವನ ಮೊಣಕಾಲು ನೋಯುತ್ತದೆಯೇ? ನನಗೆ ಗೊತ್ತೇ ಇರಲಿಲ್ಲ.

"ಪ್ಲೇಗ್ ಬಂದ ವರ್ಷ ಊರು ಬಿಟ್ಟು ಹೊಲದಾಗ ಗುಡಸಲಾ ಹಾಕಿದ್ವಿ. ಎಲ್ಲಾರೂ ಅಳತಿದ್ರ ಅವ್ವ ಒಬ್ಬಾಕಿ ರೊಟ್ಟಿ ಬಡದು ಎಲ್ಲಾರಿಗೂ ಉಣ್ಣಾಕ ಹಾಕಿದ್ಲು. ಅದನ್ನ ನಾ ಎಂದೂ ಮರಿಯೂದಿಲ್ಲ."

"ಯಪ್ಪಾ, ಪ್ಲೇಗಿನ ವರ್ಷ ನಾ ಹುಟ್ಟಿದ್ದಿಲ್ಲ."

"ಬರಿ ಸುಮ್ನ," ಎಂದ.

ಬರೆದೆ. ಅವ್ವ ಕುಟ್ಟುವ ಶೇಂಗಾ ಹಿಂಡಿಯ ರುಚಿಯ ಬಗ್ಗೆ ಬರೆದೆ. "ಅವ್ವ ಇಲ್ಲದಿದ್ರ ಈ ಮನಿ ನಿಂದರತಿದ್ದಿಲ್ಲ" ಎಂಬಲ್ಲಿಗೆ ಬರುವಾಗ ನನ್ನ ಹೆಂಡತಿ ಚಹಾದ ಬಟ್ಟಲು ಹಿಡಿದು ಬಾಗಿಲಲ್ಲೇ ನಿಂತುಬಿಟ್ಟಿದ್ದಳು. ಗಂಡಸೊಬ್ಬ ಹೆಂಡತಿಯನ್ನು ಹೊಗಳುವುದನ್ನು ನಾನು ಅದೇ ಮೊದಲು ಕೇಳುತ್ತಿದ್ದೆ. ಅದೂ ಯಾರಿಂದ? ಉಪ್ಪು ಹೆಚ್ಚಾದಾಗ ಮಾತ್ರ ಬಾಯಿ ತೆರೆಯುತ್ತಿದ್ದ ನನ್ನ ಅಪ್ಪನಿಂದ.

"ಮಾವಾರ," ಎಂದಳು ನನ್ನಾಕೆ, "ಇದನ್ನ ಅತ್ತಿ ಮುಂದ ನೀವ ಹೇಳಬಾರದೇನ್ರಿ?"

"ಹೇಳಾಕ ಬಂದಿದ್ರ ಇಲ್ಲಿತನಕ ಹೊಗಿ ಕುಡಕೊಂತ ಬರತಿದ್ನೇನವಾ?"

ನಾನು ಪೆನ್ನು ಕೆಳಗಿಟ್ಟೆ. ನನಗೆ ನಾಚಿಕೆಯಾಗಿತ್ತು, ಬೇರೆ ಶಬ್ದವಿಲ್ಲ. ಒಬ್ಬ ಹೇಳಲಾರದ್ದನ್ನು ಇನ್ನೊಬ್ಬನ ಬಾಯಲ್ಲಿಟ್ಟು ಹೇಳಿದ್ದ. ಆ ಇನ್ನೊಬ್ಬನಿಗೆ ಹೇಳಬೇಕು ಅನ್ನಿಸಿಯೇ ಇರಲಿಲ್ಲ. ಇಬ್ಬರಲ್ಲಿ ದೊಡ್ಡ ಮೂಗ ಯಾರು? "ಇದು ನನ್ನ ಪತ್ರ ಅಲ್ಲ ಯಪ್ಪಾ, ನಾಳೆ ನಾನೂ ನಿನ್ನ ಕೂಡ ಊರಿಗೆ ಬರತೀನಿ," ಎಂದೆ.

ಭಾನುವಾರ ಬಬಲೇಶ್ವರದವರೆಗೆ ಮೋಟಾರು, ಅಲ್ಲಿಂದ ಚಕ್ಕಡಿ. ಮನೆ ಮುಟ್ಟಿ ನೋಡಿದರೆ ಎಂಟು ದಿನ ಕಾಯುವ ತಾಳ್ಮೆ ಅವ್ವನಿಗೆ ಇರಲಿಲ್ಲ. ಪಡಸಾಲೆಯಲ್ಲಿ ಡಬ್ಬಿ ತೆರೆದಿತ್ತು. ಪಕ್ಕದಲ್ಲಿ ಸೊಸೆ, ಅವ್ವನ ಕೈಯಲ್ಲಿ ಕಾರ್ಡು.

"ಇತ್ತ... ಎಲ್ಲರೂ... ಕ್ಷೇಮ." ಬೆರಳಿಟ್ಟು ಓದುತ್ತಿದ್ದಳು. "ಒಂದು... ಚೀಲ... ಜೋಳ..." ಕೊನೆ ಮುಟ್ಟಿದಳು. ಕಾರ್ಡನ್ನು ತಿರುವಿದಳು. ಹಿಂದೆ ಅಪ್ಪನ ವಿಳಾಸವಿತ್ತು. ಮತ್ತೆ ತಿರುವಿದಳು. ಆಮೇಲೆ ನನ್ನ ಮುಖ ನೋಡಿ ಕೇಳಿದಳು:

"ಮೊಣಕಾಲಿಂದು ಎಲ್ಲಿ ಬರದೀಪಾ?"

ಅಪ್ಪನೇ ಮುಂದೆ ಬಂದ.

"ಅಂವ ಬರದಿಲ್ಲ. ಅದು ನಾ ಅಂದದ್ದು."

"ಪ್ಲೇಗಿನ ವರ್ಷದ್ದು?"

"ಅದೂ ನಾನ. ಎಲ್ಲಾನೂ ನಾನ."

ಸಿಟ್ಟು ಬಂದರೆ ಅವ್ವ ಒಳಗೆ ಹೋಗಿ ಪಾತ್ರೆಗಳ ಸಪ್ಪಳ ಮಾಡುವವಳು. ಈಗ ಎದ್ದು ಹೋಗುತ್ತಾಳೆ ಅಂದುಕೊಂಡೆವು. ಹೋಗಲಿಲ್ಲ. ಕಾರ್ಡನ್ನು ಅಪ್ಪನ ಕಡೆ ಚಾಚಿದಳು.

"ನನಗ ಇನ್ನ ಸರಿಯಾಗಿ ಓದಾಕ ಬರಂಗಿಲ್ರಿ. ನೀವ ಓದ್ರಿ."

ಅಪ್ಪ ಕೂತ. ಕನ್ನಡಕ ಹುಡುಕುವ ಗೋಜಿಗೆ ಹೋಗಲಿಲ್ಲ. ಕ್ಷೇಮ ಓದಿದ, ಜೋಳವನ್ನು ಹಾರಿಸಿದ, ನೇರ ಅವಳ ವಿಷಯಕ್ಕೇ ಬಂದ. ಈ ಸಲ "ಅವ್ವ ಇಲ್ಲದಿದ್ರ" ಅನ್ನಲಿಲ್ಲ.

"ನೀ ಇಲ್ಲದಿದ್ರ ಈ ಮನಿ ನಿಂದರತಿದ್ದಿಲ್ಲ," ಎಂದ.

ಸೊಸೆ ಮೆಲ್ಲಗೆ ಎದ್ದು ಹಿತ್ತಿಲಿಗೆ ಹೋದಳು. ನಾನೂ ಹೋಗಬೇಕಿತ್ತು, ಹೋಗಲಾಗಲಿಲ್ಲ. ಅವ್ವ ನಗುತ್ತಿದ್ದಳೋ ಅಳುತ್ತಿದ್ದಳೋ, ಸೆರಗು ಅಡ್ಡ ಇತ್ತು. ಆ ಮರೆಯಿಂದಲೇ "ಮುಂದ?" ಅಂದಳು. ಮುಂದೆ ಇನ್ನೂ ಬೇಕಾದಷ್ಟಿತ್ತು.

ಸೋಮವಾರ ವಾಪಸು ಬಂದವನೇ ಒಂದು ಕಾರ್ಡು ಬರೆದೆ. ವಿಳಾಸದ ಜಾಗದಲ್ಲಿ "ಸೌ. ನೀಲವ್ವ" ಎಂದು ಬರೆಯುವಾಗ ಹೊಳೆಯಿತು, ಅವ್ವನ ಹೆಸರನ್ನು ಹನ್ನೆರಡು ವರ್ಷದಲ್ಲಿ ಒಮ್ಮೆಯೂ ಬರೆದಿರಲಿಲ್ಲ. ಒತ್ತಕ್ಷರ ಕಡಿಮೆ ಹಾಕಿ, ದೊಡ್ಡದಾಗಿ, ಬಿಡಿಸಿ ಬಿಡಿಸಿ ಬರೆದೆ. ಮೊಣಕಾಲು ಕೇಳಿದೆ. ಜೋಳ ಕೇಳಲಿಲ್ಲ. (ಅದಕ್ಕೆ ಅಪ್ಪನಿಗೆ ಬೇರೆ ಕಾರ್ಡು ಬರೆದರಾಯಿತು.) ಮುಗಿಸಿ, ಬಹಳ ದೊಡ್ಡ ಕೆಲಸ ಮಾಡಿದವನ ಹಾಗೆ ಹೆಂಡತಿಗೆ ತೋರಿಸಿದೆ.

ಆಕೆ ಪೂರ್ತಿ ಓದಿದಳು. ಚೆನ್ನಾಗಿದೆ ಅಂದಳು. ಒಳಗೆ ಹೋಗುತ್ತ ಒಂದೇ ಮಾತು ಕೇಳಿದಳು:

"ಇದ ಮನ್ಯಾಗ ಇರೋರಿಗೂ ಪೋಸ್ಟಿನಾಂವ ಕಾರ್ಡ ತರತಾನೇನ್ರಿ?"

ಇನ್ನೊಂದು ಕಾರ್ಡು ತಂದಿಟ್ಟುಕೊಂಡಿದ್ದೇನೆ; ನೀವು ಯಾವಾಗ ತರುತ್ತೀರಿ?